‘ಸುಮ್ನೆ ಒಂದು ಸಹಿ ಸಾರ್’ ಎಂದಿದ್ದರು, ಈಗ ನೋಟಿಸು ನನ್ನ ಹೆಸರಿಗೆ ಬಂದಿದೆ

ಪ್ರಶ್ನೆ: ನಾನು ತೀರ್ಥಹಳ್ಳಿ ತಾಲೂಕಿನ ಸರ್ಕಾರಿ ಹೈಸ್ಕೂಲೊಂದರಲ್ಲಿ ಮೇಷ್ಟ್ರು. ಎರಡು ಎಕರೆ ಅಡಿಕೆ ತೋಟವೂ ಇದೆ. 2021ರಲ್ಲಿ ನನ್ನ ಹೆಂಡತಿಯ ತಮ್ಮ ಪಿಕಪ್ ಗಾಡಿ ಕೊಳ್ಳಲು ಒಂದು ಸಹಕಾರ ಸಂಘದಲ್ಲಿ 8 ಲಕ್ಷ ರೂಪಾಯಿ ಸಾಲ ತೆಗೆದ. ನಾನು ಮತ್ತು ಅವರೂರಿನ ಒಬ್ಬ ನಿವೃತ್ತ ನೌಕರರು ಜಾಮೀನು ಹಾಕಿದೆವು. ‘ಸುಮ್ನೆ ಫಾರ್ಮಾಲಿಟಿ ಸಾರ್’ ಎಂದು ಹೇಳಿ ಹತ್ತಾರು ಕಡೆ ಸಹಿ ಮಾಡಿಸಿಕೊಂಡರು. ಎರಡು ವರ್ಷ ಕಂತು ಕಟ್ಟಿದವನು ಆಮೇಲೆ ನಿಲ್ಲಿಸಿದ. ಈಗ ಬೆಂಗಳೂರಿನಲ್ಲಿದ್ದಾನಂತೆ, ಫೋನ್ ಎತ್ತುವುದಿಲ್ಲ. ಗಾಡಿ ಎಲ್ಲಿದೆಯೋ ಗೊತ್ತಿಲ್ಲ. ನಡುವೆ ಸಂಘದವರು ನನಗೆ ತಿಳಿಸದೆ ಸಾಲದ ಅವಧಿ ಹೆಚ್ಚಿಸಿ ಕೊಟ್ಟಿದ್ದರಂತೆ. ಕಳೆದ ತಿಂಗಳು ನನಗೇ ನೋಟಿಸು ಬಂತು, ಬಡ್ಡಿ ಸೇರಿ 6,40,000 ಕಟ್ಟಿ ಎಂದು. ಇನ್ನೊಬ್ಬ ಜಾಮೀನುದಾರರು ‘ನಿಮಗೆ ಸಂಬಳ ಇದೆ, ನೀವೇ ನೋಡಿಕೊಳ್ಳಿ’ ಎನ್ನುತ್ತಾರೆ. ಮೊದಲು ಸಾಲಗಾರನನ್ನು ಹಿಡಿಯಬೇಕಲ್ಲವೇ? ನನ್ನ ಸಂಬಳ, ತೋಟ, ಮನೆ ಹೋಗುತ್ತದೆಯೇ? ಈಗ ಜಾಮೀನು ವಾಪಸು ತೆಗೆದುಕೊಳ್ಳಬಹುದೇ? ಭಾವಮೈದನ ಮೇಲೆ ಕೇಸು ಹಾಕಿದರೆ ಮನೆಯಲ್ಲಿ ಊಟ ಸಿಗುವುದಿಲ್ಲ, ಅದನ್ನೂ ಗಮನದಲ್ಲಿಟ್ಟು ಉತ್ತರಿಸಿ.

ಉತ್ತರ: ಬೇಸರದ ಮಾತನ್ನು ಮೊದಲು ಮುಗಿಸಿಬಿಡುತ್ತೇನೆ ಮೇಷ್ಟ್ರೇ. ಸಂಘದವರು ನೇರವಾಗಿ ನಿಮ್ಮ ಹತ್ತಿರವೇ ಬರಬಹುದು. ಮೊದಲು ಸಾಲಗಾರನನ್ನು ಹುಡುಕಬೇಕು, ಗಾಡಿ ಹಿಡಿದು ಮಾರಬೇಕು, ಕಡಿಮೆ ಬಿದ್ದರೆ ಮಾತ್ರ ಜಾಮೀನುದಾರನ ಬಾಗಿಲು ತಟ್ಟಬೇಕು ಎಂದು ನಮ್ಮ ಕಡೆ ಬಹಳ ಜನ ನಂಬಿದ್ದಾರೆ. ಶಿವಮೊಗ್ಗದ ಕೋರ್ಟಿಗೆ ಬರುವ ಹತ್ತು ಜಾಮೀನುದಾರರಲ್ಲಿ ಒಂಬತ್ತು ಜನ ಇದೇ ಮಾತು ಹೇಳುತ್ತಾರೆ. ಕಾನೂನು ಹಾಗೆ ಹೇಳುವುದಿಲ್ಲ.

1872ರ ಕರಾರು ಕಾಯ್ದೆಯ 128ನೇ ಕಲಂ ಒಂದೇ ಸಾಲಿನದು. ಕರಾರಿನಲ್ಲಿ ಬೇರೆ ರೀತಿ ಬರೆದುಕೊಂಡಿಲ್ಲದಿದ್ದರೆ, ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನ ಹೊಣೆಯೂ ಅಷ್ಟೇ. ಅಸಲು, ಬಡ್ಡಿ, ಸುಸ್ತಿ ಬಡ್ಡಿ, ಖರ್ಚು ಎಲ್ಲವೂ ಅದರಲ್ಲಿ ಸೇರುತ್ತವೆ. ‘ಮೊದಲು ಸಾಲಗಾರನಿಂದ ವಸೂಲಿ ಮಾಡಿ, ಆಮೇಲೆ ಜಾಮೀನುದಾರನ ಹತ್ತಿರ ಹೋಗಿ’ ಎಂದು ಕೆಳಗಿನ ಕೋರ್ಟೊಂದು ಬ್ಯಾಂಕಿಗೆ ಷರತ್ತು ಹಾಕಿತ್ತು. ಬ್ಯಾಂಕ್ ಆಫ್ ಬಿಹಾರ್ ಪ್ರಕರಣ ಎಂದು ಅದು ಹೆಸರಾಗಿದೆ. ಸುಪ್ರೀಂ ಕೋರ್ಟು ಐವತ್ತಕ್ಕೂ ಜಾಸ್ತಿ ವರ್ಷಗಳ ಹಿಂದೆಯೇ ಆ ಷರತ್ತನ್ನು ಕಿತ್ತುಹಾಕಿತು. ಸಾಲ ಕೊಟ್ಟವನು ಮೊದಲು ಬೇರೆಲ್ಲ ಕಡೆ ಅಲೆದು ಬರಬೇಕು ಎಂದರೆ ಜಾಮೀನು ಪಡೆದ ಉದ್ದೇಶವೇ ಹಾಳಾಗುತ್ತದೆ ಎನ್ನುವುದು ಅದರ ತರ್ಕ. ಸಾಲ ಕೊಟ್ಟವರ ಕಡೆಯಿಂದ ನೋಡಿದರೆ ಸರಿ ಅನ್ನಿಸುತ್ತದೆ. ನಿಮ್ಮ ಸಂಬಳ ನೋಡಿಯೇ ಅಲ್ವಾ ಅವರು ಪಿಕಪ್ಪಿಗೆ ಸಾಲ ಕೊಟ್ಟಿದ್ದು?

‘ನಾನು ಒಂದು ರೂಪಾಯಿ ಮುಟ್ಟಿಲ್ಲ’ ಎಂಬ ಮಾತೂ ನಿಲ್ಲುವುದಿಲ್ಲ. ಸಾಲಗಾರನಿಗೆ ಹಣ ಸಿಕ್ಕಿದರೆ ಸಾಕು, ಜಾಮೀನುದಾರನಿಗೆ ಏನೂ ಸಿಗಬೇಕಾಗಿಲ್ಲ. ‘ಫಾರ್ಮಾಲಿಟಿ ಎಂದಿದ್ದರು’ ಎಂಬುದೂ ಅಷ್ಟೇ. ನೀವು ಓದು ಬಲ್ಲವರು, ಮೇಷ್ಟ್ರು. ಓದದೆ ಸಹಿ ಮಾಡಿದೆ ಎಂದರೆ ಯಾವ ಅಧಿಕಾರಿಯೂ ಕನಿಕರ ತೋರುವುದಿಲ್ಲ. ಒಂದು ವಿಷಯ ಮಾತ್ರ ವಿಚಾರಿಸಿ. ಸಾಲ ಕೊಡುವಾಗಲೇ ಭಾವಮೈದ ಅದೇ ಸಂಘದಲ್ಲಿ ಸುಸ್ತಿದಾರನಾಗಿದ್ದನೇ? ಅದನ್ನು ಬೇಕೆಂದೇ ನಿಮ್ಮಿಂದ ಮುಚ್ಚಿಟ್ಟು ಸಹಿ ಪಡೆದಿದ್ದರೆ ಆ ಜಾಮೀನು ಸಿಂಧುವಲ್ಲ. ಆದರೆ ಅದನ್ನು ಸಾಬೀತು ಮಾಡುವುದು ನಿಮ್ಮ ಕೆಲಸ.

ಜಾಮೀನು ವಾಪಸು ತೆಗೆದುಕೊಳ್ಳುವ ಮಾತಿಗೆ ಉತ್ತರ ಚಿಕ್ಕದು. ಆಗುವುದಿಲ್ಲ. ಓಡಿ ಖಾತೆಯಂತೆ ತೆಗೆದು ಕಟ್ಟಿ ಮತ್ತೆ ತೆಗೆಯುವ ಸಾಲವಾಗಿದ್ದರೆ, ಮುಂದಿನ ವ್ಯವಹಾರಕ್ಕೆ ನಾನಿಲ್ಲ ಎಂದು ಪತ್ರ ಕೊಡಬಹುದಿತ್ತು. ಅದಕ್ಕೂ ಎಷ್ಟೋ ಫಾರಂಗಳಲ್ಲಿ ಅಡ್ಡ ಷರತ್ತು ಇರುತ್ತದೆ. ಒಂದೇ ಸಲ ಕೈಗೆ ಬಂದ ಕಂತಿನ ಸಾಲಕ್ಕೆ ಆ ದಾರಿಯೇ ಇಲ್ಲ. ನೀವು ತೀರಿಹೋದರೂ ಹೊಣೆ ಉಳಿಯುತ್ತದೆ. ಬಿಟ್ಟುಹೋದ ಆಸ್ತಿಯ ಮಟ್ಟಿಗೆ ವಾರಸುದಾರರು ಉತ್ತರಿಸಬೇಕಾಗುತ್ತದೆ.

ಇಷ್ಟು ಓದಿ ಧೈರ್ಯ ಬಿಡಬೇಡಿ. ನಿಮ್ಮ ಪತ್ರದಲ್ಲಿ ನೀವು ಹಾಗೇ ದಾಟಿಹೋದ ಎರಡು ಸಾಲುಗಳಿವೆ. ನನಗೆ ಕೆಲಸವಿರುವುದು ಅಲ್ಲೇ.

ಮೊದಲನೆಯದು, ನಿಮಗೆ ತಿಳಿಸದೆ ಅವಧಿ ಹೆಚ್ಚಿಸಿದ್ದು. ಸಾಲಗಾರನೂ ಸಂಘವೂ ಸೇರಿ ಜಾಮೀನುದಾರನ ಒಪ್ಪಿಗೆಯಿಲ್ಲದೆ ಕರಾರಿನ ಷರತ್ತು ಬದಲಿಸಿದರೆ, ಆ ಬದಲಾವಣೆಯ ನಂತರದ ವ್ಯವಹಾರಕ್ಕೆ ಜಾಮೀನುದಾರ ಹೊಣೆಯಲ್ಲ ಎನ್ನುತ್ತದೆ 133ನೇ ಕಲಂ. ಕಟ್ಟಲು ಹೆಚ್ಚಿನ ಕಾಲ ಕೊಡುತ್ತೇವೆ ಎಂದು ಸಾಲಗಾರನ ಜೊತೆ ಹೊಸ ಒಪ್ಪಂದ ಮಾಡಿಕೊಂಡರೆ ಜಾಮೀನುದಾರ ಬಿಡುಗಡೆಯಾಗುತ್ತಾನೆ ಎನ್ನುತ್ತದೆ 135ನೇ ಕಲಂ. ಕೇಳಲು ಚೆನ್ನಾಗಿದೆ ಅಲ್ವಾ? ಆದರೆ ಸಂಘದವರೂ ಅದನ್ನು ಓದಿರುತ್ತಾರೆ. ‘ಅವಧಿ, ಕಂತು, ಬಡ್ಡಿ ಬದಲಿಸಿದರೂ ನನ್ನ ಜಾಮೀನು ಮುಂದುವರಿಯುತ್ತದೆ’ ಎಂಬ ಸಾಲು ಆ ಹತ್ತಾರು ಹಾಳೆಗಳಲ್ಲಿ ಎಲ್ಲೋ ಒಂದು ಕಡೆ ಇರುವ ಸಾಧ್ಯತೆಯೇ ಜಾಸ್ತಿ. ಇದ್ದರೆ ಈ ವಾದ ಸೊರಗುತ್ತದೆ. ಇಲ್ಲದಿದ್ದರೆ ನಿಮ್ಮ ಕೈ ಮೇಲೆ. ಹಾಗಾಗಿ ಜಾಮೀನು ಪತ್ರದ ನಕಲು ಕೈಗೆ ಬರುವ ತನಕ ಯಾರು ಏನೇ ಭರವಸೆ ಕೊಟ್ಟರೂ ನಂಬಬೇಡಿ, ನನ್ನದನ್ನೂ ಸೇರಿಸಿ. ಇನ್ನೊಂದು ಮಾತು. ಸಂಘ ಸುಮ್ಮನೆ ಕೂತಿತ್ತು, ಬೇಗ ಕೇಸು ಹಾಕಲಿಲ್ಲ ಎನ್ನುವುದು ಮಾತ್ರ ಸಾಲದು. ಬರೀ ಸುಮ್ಮನಿದ್ದರೆ ಜಾಮೀನು ಬಿಟ್ಟುಹೋಗುವುದಿಲ್ಲ ಎಂದು 137ನೇ ಕಲಂ ಬಿಡಿಸಿ ಹೇಳಿದೆ.

ಎರಡನೆಯದು, ‘ಗಾಡಿ ಎಲ್ಲಿದೆಯೋ ಗೊತ್ತಿಲ್ಲ’ ಎಂಬ ಸಾಲು. ನನ್ನ ಪ್ರಕಾರ ನಿಮ್ಮ ಇಡೀ ಪತ್ರದಲ್ಲಿ ಬೆಲೆಬಾಳುವ ಸಾಲು ಇದೇ.

ಆ ಗಾಡಿ ಸಂಘಕ್ಕೆ ಭದ್ರತೆಯಾಗಿ ಇದ್ದದ್ದು. ನೀವು ಸಹಿ ಹಾಕುವಾಗ ಆ ಭದ್ರತೆ ಇದೆ ಎಂಬ ಧೈರ್ಯವೂ ನಿಮಗಿತ್ತು. 141ನೇ ಕಲಂ ಪ್ರಕಾರ, ಜಾಮೀನು ಬರೆದುಕೊಟ್ಟ ಹೊತ್ತಿನಲ್ಲಿ ಸಾಲ ಕೊಟ್ಟವರ ಕೈಲಿದ್ದ ಭದ್ರತೆಯ ಲಾಭ ಜಾಮೀನುದಾರನಿಗೂ ಸೇರಬೇಕು. ಅವನ ಒಪ್ಪಿಗೆಯಿಲ್ಲದೆ ಅವರು ಅದನ್ನು ಕಳೆದುಕೊಂಡರೆ ಅಥವಾ ಕೈಬಿಟ್ಟರೆ, ಆ ಭದ್ರತೆಯ ಬೆಲೆಯಷ್ಟು ಅವನ ಹೊಣೆ ಇಳಿಯುತ್ತದೆ. ಅಡವಿಟ್ಟ ಸರಕನ್ನು ಬ್ಯಾಂಕೊಂದು ಅಜಾಗರೂಕತೆಯಿಂದ ಕಳೆದುಕೊಂಡ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1980ರಲ್ಲಿ ಜಾಮೀನುದಾರನ ಪರವಾಗಿಯೇ ನಿಂತಿತು.

ಈಗ ನೀವು ಮಾಡಬೇಕಾದ್ದು ಇಷ್ಟು. ಗಾಡಿಯ ನಂಬರು ಹಿಡಿದು ಶಿವಮೊಗ್ಗದ ಆರ್‌ಟಿಓ ಕಚೇರಿಯಲ್ಲಿ ವಿಚಾರಿಸಿ. ನಂಬರು ಕೆಎ 15ರದ್ದಾದರೆ ಸಾಗರದಲ್ಲಿ. ಆರ್‌ಸಿಯಲ್ಲಿ ಸಂಘದ ಹೆಸರಿನ ಹೈಪಾಥಿಕೇಶನ್ ನಮೂದು, ಅಂದರೆ ಗಾಡಿ ಸಂಘಕ್ಕೆ ಅಡವಿದೆ ಎಂಬ ನಮೂದು, ಇದೆಯೇ? ಇದ್ದರೆ ಸಂಘದ ಒಪ್ಪಿಗೆ ಪತ್ರವಿಲ್ಲದೆ ಆ ಗಾಡಿ ನೆಟ್ಟಗೆ ಇನ್ನೊಬ್ಬರ ಹೆಸರಿಗೆ ಹೋಗಲಾರದು. ಗಾಡಿ ಎಲ್ಲೇ ಓಡುತ್ತಿರಲಿ, ಹಿಡಿಯುವ ಹಕ್ಕು ಸಂಘಕ್ಕಿದೆ. ನಮೂದನ್ನೇ ಮಾಡಿಸಿಲ್ಲದಿದ್ದರೆ, ಅಥವಾ ಸಾಲ ಬಾಕಿ ಇರುವಾಗಲೇ ಸಂಘ ಆ ಒಪ್ಪಿಗೆ ಪತ್ರ (ಎನ್‌ಓಸಿ) ಕೊಟ್ಟು ಗಾಡಿ ಮಾರಾಟವಾಗಿದ್ದರೆ, ನಿಮ್ಮ ವಕೀಲರಿಗೆ ಒಳ್ಳೆಯ ಅಸ್ತ್ರ ಸಿಕ್ಕಿತು. 6,40,000ದಲ್ಲಿ ಗಾಡಿಯ ಬೆಲೆ ಕಳೆಯಿರಿ ಎಂದು ಗಟ್ಟಿಯಾಗಿ ಕೇಳಬಹುದು. ಇಂಥದ್ದನ್ನು ನಾನು ಒಂದೆರಡು ಸಲವಲ್ಲ, ಹಲವು ಸಲ ನೋಡಿದ್ದೇನೆ. ಸಾಲ ಕೊಡುವಾಗ ಇದ್ದ ಉತ್ಸಾಹ ಆರ್‌ಟಿಓ ಕಚೇರಿಗೆ ಹೋಗಿಬರುವಾಗ ಇರುವುದಿಲ್ಲ.

ಇನ್ನು ಮುಂದೆ ಏನಾಗುತ್ತದೆ? ಸಹಕಾರ ಸಂಘವಾದ್ದರಿಂದ ಸಿವಿಲ್ ಕೋರ್ಟಿಗೆ ಹೋಗುವುದಿಲ್ಲ. 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ 70ನೇ ಕಲಂ ಪ್ರಕಾರ ಸಹಕಾರ ಇಲಾಖೆಯಲ್ಲೇ ದಾವೆ ಹೂಡುತ್ತಾರೆ. ನಮ್ಮ ಜನ ‘ಎಆರ್ ಕೋರ್ಟು’ ಎನ್ನುತ್ತಾರಲ್ಲ, ಅದು. ಎಆರ್ ಎಂದರೆ ಸಹಕಾರ ಸಂಘಗಳ ಸಹಾಯಕ ನಿಬಂಧಕರು. ಅಲ್ಲಿಂದ ನಿಮಗೂ, ಭಾವಮೈದನಿಗೂ, ಆ ನಿವೃತ್ತರಿಗೂ ಸಮನ್ಸು ಬರುತ್ತದೆ. ಹೋಗಿ. ಮೊದಲ ದಿನವೇ ಹೋಗಿ. ಹೋಗದಿದ್ದರೆ ಏಕಪಕ್ಷೀಯವಾಗಿ ತೀರ್ಪಾಗುತ್ತದೆ. ಅವಧಿ ಹೆಚ್ಚಿಸಿದ್ದು, ಗಾಡಿ ಕೈಬಿಟ್ಟದ್ದು, ಬಡ್ಡಿ ಲೆಕ್ಕದ ತಪ್ಪು ಎಲ್ಲವನ್ನೂ ಹೇಳುವ ಜಾಗ ಅದೇ. ತೀರ್ಪಾಗಿ ಮಾರಾಟಾಧಿಕಾರಿ ಬಂದ ಮೇಲೆ ಅವರ ಮುಂದೆ ಹೇಳಿಕೊಂಡು ಪ್ರಯೋಜನವಿಲ್ಲ, ಅವರ ಕೆಲಸ ವಸೂಲಿ ಮಾತ್ರ. ತೀರ್ಪು ವಿರುದ್ಧವಾದರೆ ಬೆಂಗಳೂರಿನ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬಹುದು.

ಬ್ಯಾಂಕಿನ ಸಾಲಕ್ಕೆ ಜಾಮೀನು ನಿಂತು ಇದನ್ನು ಓದುತ್ತಿರುವವರಿಗೆ ನಡುವೆ ಒಂದು ಮಾತು. ನಿಮ್ಮ ಮನೆಯನ್ನೇ ಅಡವಿಟ್ಟಿದ್ದರೆ ಬ್ಯಾಂಕು ಕೋರ್ಟಿಗೆ ಹೋಗದೆ 60 ದಿನದ ನೋಟಿಸು ಕೊಟ್ಟು ಸರ್ಫೇಸಿ ಕಾಯ್ದೆಯಡಿ ಮನೆಗೆ ಕೈ ಹಾಕಬಹುದು. ಆ ಕಾಯ್ದೆ ಕೃಷಿ ಜಮೀನಿಗೆ ಅನ್ವಯಿಸುವುದಿಲ್ಲ. ಹಾಗೆಂದು ತೋಟ ಪೂರಾ ಸುರಕ್ಷಿತ ಎಂದೇನೂ ಅಲ್ಲ. ಡಿಕ್ರಿ, ಅಂದರೆ ಹಣ ಕಟ್ಟಬೇಕೆಂಬ ಕೋರ್ಟಿನ ತೀರ್ಪು, ಪಡೆದು ಬರುವ ದಾರಿ ತೆರೆದೇ ಇರುತ್ತದೆ.

ನಿಮ್ಮ ಸಂಬಳದ ವಿಷಯ. ಆ ಹಾಳೆಗಳ ಜೊತೆ ‘ಸಂಬಳದಿಂದ ಕಡಿತ ಮಾಡಲು ಒಪ್ಪಿಗೆ’ ಎಂಬ ಪತ್ರಕ್ಕೂ ಸಹಿ ಹಾಕಿದ್ದೀರಾ ನೋಡಿ. ಹಾಕಿದ್ದರೆ ಸಂಘ ನೇರವಾಗಿ ನಿಮ್ಮ ಸಂಬಳ ಬಟವಾಡೆ ಮಾಡುವ ಅಧಿಕಾರಿಗೇ ಬರೆಯಬಹುದು. ಅಂಥದ್ದಿಲ್ಲದೆ ಕೋರ್ಟಿನ ಮೂಲಕ ತೀರ್ಪಿನ ಅಮಲ್ಜಾರಿಗೆ (ಜಾರಿಗೆ) ಬಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಂ ನಿಮ್ಮನ್ನು ಒಂದು ಮಟ್ಟಿಗೆ ಕಾಯುತ್ತದೆ. ಸಂಬಳದಲ್ಲಿ ಮೊದಲ 1,000 ರೂಪಾಯಿ, ಉಳಿದದ್ದರ ಮೂರನೇ ಎರಡು ಭಾಗ ಮುಟ್ಟುವಂತಿಲ್ಲ. ಲೆಕ್ಕಕ್ಕೆ ಬರುವ ಸಂಬಳ 61,000 ಎಂದಿಟ್ಟುಕೊಳ್ಳಿ. 1,000 ತೆಗೆದರೆ 60,000. ಅದರಲ್ಲಿ ಮೂರನೇ ಒಂದು ಭಾಗ, 20,000, ತಿಂಗಳಿಗೆ ಜಪ್ತಿಯಾಗಬಹುದು. ಸರ್ಕಾರ ವಿನಾಯಿತಿ ಕೊಟ್ಟ ಭತ್ಯೆಗಳನ್ನು ಲೆಕ್ಕದಿಂದ ಹೊರಗಿಡಬೇಕು. ಒಂದೇ ಡಿಕ್ರಿಗೆ ಒಟ್ಟು 24 ತಿಂಗಳು ಹೀಗೆ ಕಡಿತವಾದ ಮೇಲೆ ಅದೇ ಡಿಕ್ರಿಗಾಗಿ ಮತ್ತೆ ಸಂಬಳ ಮುಟ್ಟುವಂತಿಲ್ಲ. ಈ 24 ತಿಂಗಳ ಮಾತು ಎಷ್ಟೋ ಕಚೇರಿಗಳಿಗೆ ಗೊತ್ತಿರುವುದಿಲ್ಲ, ಕಡಿತ ಹಾಗೇ ಮುಂದುವರಿಯುತ್ತದೆ. ತಿಂಗಳು ಎಣಿಸಿಕೊಳ್ಳಿ. ಪಿಂಚಣಿಯನ್ನು ಜಪ್ತಿ ಮಾಡುವಂತಿಲ್ಲ. ಆ ನಿವೃತ್ತರ ಧೈರ್ಯ ಎಲ್ಲಿಂದ ಬಂತು ಎಂದು ಈಗ ಅರ್ಥವಾಯಿತಲ್ಲ!

ತೋಟವನ್ನು ಅಡವಿಟ್ಟಿಲ್ಲ ಎಂದುಕೊಳ್ಳುತ್ತೇನೆ. ಪಹಣಿಯ 11ನೇ ಕಾಲಂ ಒಮ್ಮೆ ನೋಡಿಕೊಳ್ಳಿ, ಭೋಜ, ಅಂದರೆ ಜಮೀನಿನ ಮೇಲಿನ ಸಾಲದ ನಮೂದು, ಕೂತಿದ್ದರೆ ಅಲ್ಲಿ ಕಾಣುತ್ತದೆ. ಅಡವಿಡದಿದ್ದರೂ ತೀರ್ಪಾದ ಮೇಲೆ ತೋಟವನ್ನು ಜಪ್ತಿ ಮಾಡಬಹುದು. ಪಿತ್ರಾರ್ಜಿತವಾಗಿದ್ದು ಇನ್ನೂ ಪಾಲಾಗಿಲ್ಲದಿದ್ದರೆ ನಿಮ್ಮ ಪಾಲಿಗೆ ಮಾತ್ರ ಬರಬಹುದು, ಅಣ್ಣತಮ್ಮಂದಿರ, ಅಕ್ಕತಂಗಿಯರ ಪಾಲಿಗಲ್ಲ. ಮನೆಯ ವಿಷಯದಲ್ಲಿ ಒಂದು ಸಣ್ಣ ತೊಡಕಿದೆ. ರೈತ ವಾಸ ಮಾಡುವ ಮನೆಗೆ ಜಪ್ತಿಯಿಂದ ವಿನಾಯಿತಿ ಇದೆ. ನಮ್ಮ ಮಲೆನಾಡಿನಲ್ಲಿ ತೋಟವಿದ್ದವರೆಲ್ಲ ತಾವು ರೈತರೇ ಎಂದುಕೊಳ್ಳುತ್ತಾರೆ. ಕಾನೂನಿನ ಕಣ್ಣಿಗೆ ಬೀಳುವ ರೈತ, ತಾನೇ ಸಾಗುವಳಿ ಮಾಡಿ ಮುಖ್ಯವಾಗಿ ಬೇಸಾಯದ ಆದಾಯದಿಂದಲೇ ಬದುಕುವವನು. ಸರ್ಕಾರಿ ಸಂಬಳ ತೆಗೆದುಕೊಳ್ಳುವ ನೀವು ಆ ಸಾಲಿನಲ್ಲಿ ನಿಲ್ಲುವುದು ಕಷ್ಟ.

ಇದನ್ನೆಲ್ಲ ಕೇಳಿದವರು ಮುಂದಿನ ಪ್ರಶ್ನೆಯಾಗಿ ‘ಹಾಗಾದರೆ ತೋಟವನ್ನು ಹೆಂಡತಿ ಹೆಸರಿಗೆ ದಾನಪತ್ರ ಮಾಡಿಬಿಡಲೇ?’ ಎನ್ನುತ್ತಾರೆ. ಬೇಡ. ನೋಟಿಸು ಬಂದ ಮೇಲೆ ಮಾಡಿದ ವರ್ಗಾವಣೆ ಸಾಲ ತಪ್ಪಿಸಲು ಮಾಡಿದ್ದು ಎಂದು ತೋರಿಸುವುದು ಸುಲಭ. ಆಸ್ತಿ ವರ್ಗಾವಣೆ ಕಾಯ್ದೆಯ 53ನೇ ಕಲಂ ಪ್ರಕಾರ ಅದನ್ನು ರದ್ದು ಮಾಡಿಸಬಹುದು. ನೋಂದಣಿ ಖರ್ಚು ದಂಡ, ಜೊತೆಗೆ ನಿಮ್ಮ ಮಾತಿಗೆ ಇದ್ದ ಬೆಲೆಯೂ ಹೋಗುತ್ತದೆ.

ಜೈಲಿನ ಭಯ ಬೇಡ. ಸಾಲ ಕಟ್ಟಲಾಗದ್ದು ಅಪರಾಧವಲ್ಲ. ಹಣವಿದ್ದೂ ಬೇಕೆಂದೇ ಕೊಡದವನನ್ನು ಮಾತ್ರ ಸಿವಿಲ್ ಬಂಧನಕ್ಕೆ ಕಳಿಸಬಹುದು, ಕೈಲಾಗದವನನ್ನಲ್ಲ ಎಂದು ಸುಪ್ರೀಂ ಕೋರ್ಟು 1980ರಲ್ಲೇ ಹೇಳಿದೆ. ಆದರೆ ಸಾಲದ ದಿನ ನಿಮ್ಮ ಖಾಲಿ ಚೆಕ್ಕುಗಳನ್ನು ಇಸಿದುಕೊಂಡಿದ್ದಾರಾ ನೆನಪು ಮಾಡಿಕೊಳ್ಳಿ. ಜಾಮೀನುದಾರ ಕೊಟ್ಟ ಚೆಕ್ಕು ಬೌನ್ಸ್ ಆದರೂ ಚೆಕ್ ಕೇಸು ನಡೆಯುತ್ತದೆ, ಇದು 2002ರಲ್ಲೇ ತೀರ್ಮಾನವಾದ ವಿಷಯ. ಅಂಥ ಕೇಸು ಕ್ರಿಮಿನಲ್ ಸ್ವರೂಪದ್ದು. ಚೆಕ್ ನೋಟಿಸು ಕೈಸೇರಿದ 15 ದಿನದೊಳಗೆ ಕಟ್ಟಬೇಕು ಇಲ್ಲವೇ ಉತ್ತರಿಸಬೇಕು, ಅದನ್ನು ತಡಮಾಡಬೇಡಿ. ವಸೂಲಿಯವರು ಬೆಳಗಿನ 8ಕ್ಕೆ ಮೊದಲು, ಸಂಜೆ 7ರ ಮೇಲೆ ಕರೆ ಮಾಡಬಾರದು ಎಂದು ರಿಸರ್ವ್ ಬ್ಯಾಂಕು 2022ರಲ್ಲಿ ಬ್ಯಾಂಕು, ಫೈನಾನ್ಸುಗಳಿಗೆ ಹೇಳಿದೆ. ಊರ ಸೊಸೈಟಿಗಳು ಅದರ ಹಿಡಿತದಲ್ಲಿಲ್ಲ. ಆದರೂ ಶಾಲೆಗೆ ಬಂದು ಮಕ್ಕಳ ಮುಂದೆ ಕೂಗಾಡಿದರೆ ಪೊಲೀಸರಿಗೆ ದೂರು ಕೊಡಲು ಯಾವ ಸುತ್ತೋಲೆಯೂ ಬೇಕಿಲ್ಲ.

ಇನ್ನೊಬ್ಬ ಜಾಮೀನುದಾರರು ‘ನೀವೇ ನೋಡಿಕೊಳ್ಳಿ’ ಎಂದರಲ್ಲ, ಅವರಿಗೆ ಉತ್ತರ ಕರಾರು ಕಾಯ್ದೆಯ 146ನೇ ಕಲಂನಲ್ಲಿದೆ. ಸಂಘ ಪೂರ್ತಿ ಹಣವನ್ನು ನಿಮ್ಮೊಬ್ಬರಿಂದಲೇ ವಸೂಲಿ ಮಾಡಬಹುದು ನಿಜ. ಆದರೆ ನಿಮ್ಮಿಬ್ಬರ ನಡುವೆ ಹೊಣೆ ಸಮಪಾಲು. 6,40,000 ಪೂರ್ತಿ ನೀವು ಕಟ್ಟಿದರೆ 3,20,000ವನ್ನು ಅವರಿಂದ ಕೇಳುವ ಹಕ್ಕು ನಿಮಗಿದೆ. ಅವರ ಪಿಂಚಣಿಗೆ ರಕ್ಷಣೆ ಇದೆ, ಗದ್ದೆ, ತೋಟ, ನಿವೇಶನಕ್ಕೆ ಇಲ್ಲ. ಇದನ್ನು ಜಗಳದ ದನಿಯಲ್ಲಿ ಹೇಳಬೇಡಿ. ಇಬ್ಬರೂ ಒಬ್ಬರೇ ವಕೀಲರನ್ನಿಟ್ಟುಕೊಂಡು ಒಟ್ಟಿಗೆ ನಿಂತರೆ ಗಾಡಿಯ ವಾದಕ್ಕೂ ಬಲ ಬರುತ್ತದೆ.

ಭಾವಮೈದನ ವಿಷಯಕ್ಕೆ ಬರುತ್ತೇನೆ. ಅದಕ್ಕೆ ಮೊದಲು ನಮ್ಮ ಮನೆಯ ಕತೆ ಹೇಳಬೇಕು. ನನ್ನ ಅಪ್ಪನೂ ಒಬ್ಬ ಗೆಳೆಯರಿಗೆ ಜಾಮೀನು ನಿಂತಿದ್ದರು. ನೋಟಿಸು ಬಂತು. ಅಪ್ಪ ಓದಿದರು, ಮಡಿಸಿದರು, ದೇವರ ಗೂಡಿನ ಹಿಂದೆ ಇಟ್ಟರು. ಎರಡನೆಯದು ಬಂತು, ಅದೂ ಅಲ್ಲಿಗೇ. ಅಂಗಳದಲ್ಲಿ ಬೇಯಿಸಿದ ಅಡಿಕೆ ಒಣಹಾಕಿದ್ದ ಒಂದು ದಿನ ಜೀಪು ಬಂದು ನಿಂತಿತು. ಆ ವರ್ಷದ ಅಡಿಕೆ ಮಂಡಿಗೆ ಹೋದದ್ದು ಇನ್ನೊಬ್ಬರ ಸಾಲಕ್ಕೆ. ಅಪ್ಪ ಕಟ್ಟಿದರು, ಆದರೆ ಗೆಳೆಯರನ್ನು ಒಂದು ಮಾತು ಕೇಳಲಿಲ್ಲ. ಮದುವೆ ಮುಂಜಿಗಳಲ್ಲಿ ಇಬ್ಬರೂ ಒಂದೇ ಪಂಕ್ತಿಯಲ್ಲಿ ಕೂತು ಊಟ ಮಾಡಿದರು. ನಾನು ಎಲ್‌ಎಲ್‌ಬಿ ಸೇರಿದ ಮೇಲೆ ಆ ಕಾಗದ ತೆಗೆದು ನೋಡಿದೆ. ಕೇಳುವ ಅವಧಿ ಮುಗಿದು ಎಷ್ಟೋ ಕಾಲವಾಗಿತ್ತು.

ಕಾನೂನು ಜಾಮೀನುದಾರ ಕಟ್ಟಿದ ಹಣವನ್ನು ದಾನ ಎಂದು ನೋಡುವುದಿಲ್ಲ. ನ್ಯಾಯವಾಗಿ ಕಟ್ಟಿದ ಅಷ್ಟನ್ನೂ ಸಾಲಗಾರ ವಾಪಸು ಕೊಡಬೇಕು, ಇದು 145ನೇ ಕಲಂ. ಸಾಲ ಪೂರ್ತಿ ತೀರಿಸಿದರೆ ಸಂಘಕ್ಕೆ ಸಾಲಗಾರನ ಮೇಲಿದ್ದ ಹಕ್ಕುಗಳೆಲ್ಲ, ಗಾಡಿಯ ಮೇಲಿನದೂ ಸೇರಿ, ನಿಮ್ಮ ಕೈಗೆ ಬರುತ್ತವೆ. ಸಹಕಾರ ಕಾಯ್ದೆಯ 70ನೇ ಕಲಂನಡಿ ನೀವೇ ಎಆರ್ ಮುಂದೆ ಅವನ ಮೇಲೆ ದಾವೆ ಹೂಡಬಹುದು. ಸಿವಿಲ್ ದಾವೆಯಾದರೆ ಹಣ ಕಟ್ಟಿದ ದಿನದಿಂದ ಮೂರು ವರ್ಷ ಅವಧಿ. ಅದಕ್ಕೇ ಕಟ್ಟುವ ಪ್ರತಿ ರೂಪಾಯಿಯನ್ನೂ ಬ್ಯಾಂಕಿನ ಮೂಲಕ ಕಟ್ಟಿ, ರಸೀದಿಯಲ್ಲಿ ‘ಜಾಮೀನುದಾರರಿಂದ’ ಎಂದು ಬರೆಸಿ. ನಗದು ಕೊಟ್ಟು ಭಾವಮೈದನ ಹೆಸರಿನ ರಸೀದಿ ತಂದರೆ ನಾಳೆ ಅವನೇ ಕಟ್ಟಿದ ಹಾಗಾಗುತ್ತದೆ.

ಊಟದ ಚಿಂತೆ ಬಿಡಿ, ಕೇಸು ಇವತ್ತೇ ಹಾಕಬೇಕಾಗಿಲ್ಲ. ಮನೆಯವರನ್ನು ಕೂರಿಸಿಕೊಂಡು ನೋಟಿಸು ತೋರಿಸಿ. ನೀವೂ ಅವರೂ ಸೇರಿ ಅವನಿಗೊಂದು ರಿಜಿಸ್ಟರ್ಡ್ ಪತ್ರ ಬರೆಯಿರಿ: ಗಾಡಿ ಎಲ್ಲಿದೆ ತಿಳಿಸು, ಸಂಘಕ್ಕೆ ಒಪ್ಪಿಸು, ಉಳಿದದ್ದಕ್ಕೆ ನಾನು ಕಟ್ಟಿದರೆ ಇಂತಿಷ್ಟು ಕಂತಿನಲ್ಲಿ ನನಗೆ ಕೊಡುತ್ತೇನೆ ಎಂದು ಬರೆದುಕೊಡು. ಅಕ್ಕನ ಸಹಿ ಇರುವ ಪತ್ರಕ್ಕೆ ವಕೀಲರ ನೋಟಿಸಿಗಿಂತ ತೂಕ ಜಾಸ್ತಿ. ಅವನ ಹೆಸರಿನಲ್ಲಿ ಊರಲ್ಲಿ ಜಮೀನಿನ ಪಾಲು ಇದ್ದರೆ ಅದರ ವಿವರವನ್ನು ಸಂಘಕ್ಕೆ ಲಿಖಿತವಾಗಿ ಕೊಡಿ. ಅವನು ಅದನ್ನು ಮಾರುವ ಸೂಚನೆ ಕಂಡರೆ ತೀರ್ಪಿಗೂ ಮುನ್ನವೇ ಜಪ್ತಿ ಕೇಳುವ ಅವಕಾಶ ಸಂಘಕ್ಕಿದೆ. ಅವರಾಗಿ ಕೇಳುವುದಿಲ್ಲ, ನೀವು ಬೆನ್ನು ಬೀಳಬೇಕು.

ಈ ವಾರ ಸಂಘಕ್ಕೆ ಒಂದು ಅರ್ಜಿ ಹೋಗಲಿ. ಜಾಮೀನು ಪತ್ರ, ಸಾಲದ ಕರಾರು, ಅವಧಿ ಹೆಚ್ಚಿಸಿದ ಠರಾವು, ಸಾಲ ಖಾತೆಯ ಪೂರ್ತಿ ಲೆಕ್ಕ, ಇವುಗಳ ನಕಲು ಕೇಳಿ. ನಕಲು ಸಿಗುವ ತನಕ ‘ಸದ್ಯಕ್ಕೆ ಐದು ಸಾವಿರ ಕಟ್ಟಿ ಸಾರ್, ನೋಡೋಣ’ ಎಂದರೆ ಕಟ್ಟಬೇಡಿ, ಯಾವ ಕಾಗದಕ್ಕೂ ಸಹಿ ಹಾಕಬೇಡಿ. ನಿಮ್ಮ ವಾದಗಳನ್ನು ನೀವೇ ಬಿಟ್ಟುಕೊಟ್ಟ ಹಾಗೆ ಅದನ್ನು ತೋರಿಸಬಹುದು. ಲೆಕ್ಕ ಬಂದ ಮೇಲೆ ಸುಸ್ತಿ ಬಡ್ಡಿ ಬಿಟ್ಟು ಒಂದೇ ಸಲ ತೀರಿಸುವ ಮಾತುಕತೆ ಆಡಬಹುದು. ಒಪ್ಪಿದರೆ ಆಡಳಿತ ಮಂಡಳಿಯ ಠರಾವು, ತೀರಿದ ಪತ್ರ ಎರಡನ್ನೂ ಪಡೆಯಿರಿ. ಕಾರ್ಯದರ್ಶಿಯ ಬಾಯಿಮಾತು ಅವರ ವರ್ಗವಾಗುವ ತನಕ ಮಾತ್ರ. ಮುಂದೆ ನಿಮಗೇ ಸಾಲ ಬೇಕಾಗಬಹುದಾದರೆ ನಿಮ್ಮ ಸಿಬಿಲ್ ವರದಿಯನ್ನೂ ತೆಗೆಸಿ ನೋಡಿ, ಜಾಮೀನು ನಿಂತ ಸಾಲವೂ ಅದರಲ್ಲಿ ಕಾಣಿಸಬಹುದು.

ನೋಟಿಸು ಬಂದ ಲಕೋಟೆಯನ್ನು ಎಸೆದಿಲ್ಲ ತಾನೇ? ಅಂಚೆ ಮುದ್ರೆಯ ತಾರೀಖು ಬೇಕಾಗುತ್ತದೆ. ನೋಟಿಸಿನ ಜೊತೆಗೇ ಪಿನ್ ಹಾಕಿಡಿ.